ಸರ್ಕಾರಕ್ಕಾದ ಗಾಯ

ಮಾರ್ಲಿಸಳ ಬೂಟಿನ ಸದ್ದು ಹಜಾರದ ತಿರುವಿನಲ್ಲಿ ಕೇಳಿಸಿದೊಡನೆ ಆರೈಕೆ ಮನೆಯ ಪೂರ್ವದ ಸಾಲಿನ ಮುದುಕಿಯರು ಕಣ್ಣು ಮುಚ್ಚಿಕೊಂಡು ನಿದ್ದೆ ನಟಿಸುತ್ತಾರೆಂಬುದು ಅವಳಿಗೆ ಗೊತ್ತಾಗಿ ಬಹಳ ದಿನಗಳಾಗಿದ್ದವು. ಗೊತ್ತಾಗಿಲ್ಲವೆಂದು ಅವಳೂ ನಟಿಸುತ್ತಿದ್ದಳು. ಈ ಬೆಳಿಗ್ಗೆಯೂ ಮಿಸೆಸ್ ಟೋರ್ವಿಕ್‌ಳ ಮಂಚದ ಪಕ್ಕದಲ್ಲಿ ನಿಂತು, ಬಿಗಿಯಾಗಿ ಮುಚ್ಚಿದ ರೆಪ್ಪೆಗಳ ಕೆಳಗೆ ಕಣ್ಣಾಲಿಗಳು ಅತ್ತಿತ್ತ ಹೊರಳುವುದನ್ನು ನೋಡುತ್ತ, ಶಾಲೆಗೆ ಹೋಗಲೊಲ್ಲದ ಮಗುವನ್ನು ರಮಿಸುವ ದನಿಯಲ್ಲಿ, "ಏಳೋಣ್ವಾ ಅಜ್ಜಿ? ಸ್ವಲ್ಪ ನಿಂತ್ಕೊಂಡು ನೋಡೋಣ," ಎಂದಳು. ಆ ದನಿ ಯಾರದೋ ಎಂದು ಅವಳಿಗೇ ಅನ್ನಿಸಿತು. ಕಣ್ಣು ತೆರೆಯದೆಯೇ ಮುದುಕಿ, "ಇವತ್ತು ಡಾರಿಲ್ ಬರಲ್ವೇನಮ್ಮ?" ಎಂದು ಕೇಳಿದಳು. "ಇಲ್ಲ, ನಾನೇ ಬಂದಿದ್ದೀನಿ." "ಅಯ್ಯೋ ದೇವರೇ," ಎಂದಳು ಮುದುಕಿ. ಅದರಲ್ಲಿ ಸಿಟ್ಟಿರಲಿಲ್ಲ. ಹೊರಗೆ ಮತ್ತೆ ಹಿಮ ಬೀಳುತ್ತಿದೆಯೆಂದು ಯಾರೋ ಹೇಳಿದಾಗ ಅನ್ನುವ ಹಾಗೆ ಅಂದಳು. ಆಮೇಲೆ ತಾನಾಗಿಯೇ ಕಾಲುಗಳನ್ನು ಮಂಚದಂಚಿಗೆ ಎಳೆದುಕೊಳ್ಳತೊಡಗಿದಳು. ಮಾರ್ಲಿಸ್‌ಗೆ ಸಹಿಸಲಾಗದಿದ್ದುದು ಆ ವಿಧೇಯತೆ.

ಡಾರಿಲ್ ಬಂದರೆ ಆ ಸಾಲಿಗೆ ಹಬ್ಬ. ಅವನೂ ಮಾರ್ಲಿಸಳಂತೆ ಫಿಸಿಯೋಥೆರಪಿ ಕಲಿತವನು, ಅವಳಷ್ಟೇ ಸಂಬಳದವನು. ಕುರ್ಚಿ ಎಳೆದುಕೊಂಡು ಕೂತು ಇಸ್ಪೀಟು ಹಂಚುತ್ತಿದ್ದ. ಹಳೆಯ ಹಿಮಪಾತಗಳ ಕಥೆ ಕೇಳುತ್ತಿದ್ದ, ನಿದ್ದೆ ಬಂದವರಿಗೆ ಹೊದಿಕೆ ಸರಿಮಾಡಿ ಮಲಗಲು ಬಿಡುತ್ತಿದ್ದ. ಹಾಗೆ ಬಿಟ್ಟು ಹೊರಬಂದು ಕೈಯಲ್ಲಿನ ಯಂತ್ರದಲ್ಲಿ, ಇಂಥವರು ಇಷ್ಟು ನಿಮಿಷ ನಿಂತರು, ಇಷ್ಟು ನಿಮಿಷ ನಡೆದರು ಎಂದು ಒತ್ತುತ್ತಿದ್ದ. ಅವನ ಬರಹದಲ್ಲಿ ಮಿಸೆಸ್ ಟೋರ್ವಿಕ್ ಎಷ್ಟೋ ಸಲ ಮೆಟ್ಟಿಲು ಹತ್ತಿ ಇಳಿದಿದ್ದಳು. ನಿಮಿಷ ಹೆಚ್ಚಾದಷ್ಟೂ ಸರ್ಕಾರದ ವೃದ್ಧರ ವಿಮೆಯಿಂದ ಆರೈಕೆ ಮನೆ ನಡೆಸುವ ಕಂಪನಿಗೆ ಹೆಚ್ಚು ಹಣ ಬರುತ್ತಿತ್ತು. ಯಾರಿಗೆ ಎಷ್ಟು ನಿಮಿಷ ಬೇಕೆಂಬುದನ್ನು ಕಾಲು ನೋಡಿದವರು ಹೇಳುತ್ತಿರಲಿಲ್ಲ, ವೈದ್ಯರೂ ಹೇಳುತ್ತಿರಲಿಲ್ಲ. ಮಿಲ್ವಾಕಿಯ ಮುಖ್ಯ ಕಚೇರಿಯಲ್ಲಿ ಕೂತ ಯಾರೋ ಹೇಳುತ್ತಿದ್ದರು. ಗುಡ್ಡದ ಮೇಲಿನ ಈ ಆರೈಕೆ ಮನೆಗೆ ಬಂದ ಪ್ರತಿಯೊಬ್ಬರೂ, ಸೊಂಟ ಮುರಿದು ಬಂದವರಾಗಲಿ, ಸಾಯಲೆಂದೇ ಬಂದವರಾಗಲಿ, ಮೇಲಿನ ದರ್ಜೆಯ ನಿಮಿಷಗಳನ್ನೇ ತಲೆಯ ಮೇಲೆ ಹೊತ್ತುಕೊಂಡು ಒಳಗೆ ಬರುತ್ತಿದ್ದರು.

ಇದನ್ನು ಮಾರ್ಲಿಸ್ ಒಬ್ಬ ವಕೀಲನಿಗೆ ಹೇಳಿ ಎರಡು ಚಳಿಗಾಲ ಕಳೆದಿದ್ದವು. ರೆನ್‌ಕ್ವಿಸ್ಟ್ ಎಂಬ ಆ ವಕೀಲ ಮಿನಿಯಾಪೊಲಿಸ್‌ನವನು, ಮೆತ್ತಗೆ ಮಾತಾಡುವವನು. ಸರ್ಕಾರಕ್ಕೆ ಯಾರಾದರೂ ಮೋಸ ಮಾಡುತ್ತಿದ್ದರೆ ಅದನ್ನು ಬಲ್ಲ ಯಾವ ಸಾಮಾನ್ಯನಾದರೂ ಸರ್ಕಾರದ ಹೆಸರಿನಲ್ಲಿ ದಾವೆ ಹೂಡಬಹುದು, ಅಂತರ್ಯುದ್ಧದ ಕಾಲದ ಕಾನೂನು ಅದು, ಆಗ ಸೈನಿಕರಿಗೆ ಕುರುಡು ಕುದುರೆ ಮಾರಿದವರನ್ನು ಹಿಡಿಯಲಿಕ್ಕೆ ಮಾಡಿದ್ದು ಎಂದು ವಿವರಿಸಿದ್ದ. ಗೆದ್ದರೆ ಅವಳಿಗೂ ಒಂದು ಪಾಲು ಇದೆ ಎಂದಾಗ ಅವಳು ಕಿಟಕಿಯ ಕಡೆ ನೋಡಿದ್ದಳು. ಆದರೆ ದಾವೆ ಮುಚ್ಚಿದ ಲಕೋಟೆಯಲ್ಲಿರಬೇಕು. ಸರ್ಕಾರ ತನಿಖೆ ಮಾಡಿ, ತಾನೂ ಸೇರುತ್ತೇನೆ ಎಂದೋ ಇಲ್ಲವೆಂದೋ ಹೇಳುವ ತನಕ ಯಾರಿಗೂ ಬಾಯಿ ಬಿಡುವಂತಿಲ್ಲ, ಗಂಡನಿಗೂ ಹೇಳದಿದ್ದರೆ ಒಳ್ಳೆಯದು. ಗಂಡ ಹಾಲ್ವರನಿಗೆ ಹೇಳದಿರುವುದು ಕಷ್ಟವಾಗಲಿಲ್ಲ. ಮೂವತ್ತು ವರ್ಷಗಳಿಂದ ಅವರು ಊಟದ ಹೊತ್ತಿನಲ್ಲಿ ಸರೋವರದ ಮಂಜುಗಡ್ಡೆಯ ದಪ್ಪದ ಬಗ್ಗೆ ಮಾತಾಡಿಕೊಂಡು ಬಂದಿದ್ದರು, ಈಗಲೂ ಅದನ್ನೇ ಮಾತಾಡಿದರು. ಕಷ್ಟವಾದದ್ದು ವಕೀಲ ಕೊನೆಯಲ್ಲಿ ಹೇಳಿದ ಮಾತು. "ಕೆಲಸ ಬಿಡಬೇಡಿ. ಮತ್ತೆ ಇವತ್ತಿಂದ ನಿಮ್ಮ ಕೈಯಿಂದ ಒಂದು ನಿಮಿಷವೂ ಸುಳ್ಳು ಬರೀಬಾರದು. ನಾಳೆ ಕಂಪನಿಯ ವಕೀಲರು ಮೊದಲು ಹುಡುಕೋದೇ ಅದನ್ನ." ಸರಿ ಎಂದು ಬಂದಿದ್ದಳು. ಅದರ ಅರ್ಥ ಏನೆಂದು ಮಾರನೆಯ ದಿನ ಪೂರ್ವದ ಸಾಲಿನಲ್ಲಿ ನಿಂತಾಗಲೇ ತಿಳಿದದ್ದು. ನಿಮಿಷ ಕಡಿಮೆ ಬರೆದರೆ ಕೆಲಸ ಹೋಗುತ್ತದೆ, ಹೆಚ್ಚು ಬರೆದರೆ ಸುಳ್ಳಾಗುತ್ತದೆ. ಉಳಿದದ್ದು ಒಂದೇ ದಾರಿ, ಬರೆಯಬೇಕಾದ ಅಷ್ಟನ್ನೂ ನಿಜವಾಗಿ ಮಾಡುವುದು. ಅಂದಿನಿಂದ ಅವಳು ಎಬ್ಬಿಸತೊಡಗಿದಳು. ಜ್ವರದವರನ್ನು ಎಬ್ಬಿಸಿದಳು. ತಿಂದದ್ದನ್ನೆಲ್ಲ ಕಕ್ಕುವವರನ್ನು ಎಬ್ಬಿಸಿದಳು. ಕೊನೆಯ ಪ್ರಾರ್ಥನೆಗೆ ಪಾದ್ರಿ ಬಂದು ಹೋದವರನ್ನೂ ಕಂಕುಳಿಗೆ ಕೈಕೊಟ್ಟು ಎಬ್ಬಿಸಿ ನಿಲ್ಲಿಸಿದಳು. ಇಡೀ ಗುಡ್ಡದ ಮೇಲೆ ಸುಳ್ಳು ಬರೆಯದವಳು ಅವಳೊಬ್ಬಳೇ. ಮುದುಕರು ಹೆದರುತ್ತಿದ್ದುದೂ ಅವಳೊಬ್ಬಳಿಗೇ.

ಬೆಳಗಿನ ಕಾಫಿಯ ಹೊತ್ತಿಗೆ ಕೊರಲಿ ನಿಯೆಮಿ ಅವಳನ್ನು ಹುಡುಕಿಕೊಂಡು ಬಂದಳು. ಕೊರಲಿ ಚಿಕಿತ್ಸಾ ವಿಭಾಗದ ಮೇಲ್ವಿಚಾರಕಿ. ಅದಕ್ಕಿಂತ ಮೊದಲು, ಇಬ್ಬರೂ ಒಂದೇ ವರ್ಷ ಇಲ್ಲಿ ಕೆಲಸಕ್ಕೆ ಸೇರಿದ ದಿನಗಳಿಂದ, ಮಾರ್ಲಿಸಳ ಗೆಳತಿ. ಮಿಲ್ವಾಕಿಯವರ ಫೋನುಗಳನ್ನು ತೆಗೆದುಕೊಳ್ಳುವವಳು ಅವಳು, ಗೋಡೆಯ ಬಿಳಿ ಹಲಗೆಯ ಮೇಲೆ ಯಾರ ನಿಮಿಷ ಬಾಕಿ ಎಂದು ಕೆಂಪು ಶಾಯಿಯಲ್ಲಿ ಬರೆಯುವವಳೂ ಅವಳೇ. ಅಗಲ ಭುಜದ, ದೊಡ್ಡ ನಗುವಿನ ಹೆಂಗಸು. ಈಗ ನಗು ಇರಲಿಲ್ಲ. ಕೈಯಲ್ಲಿದ್ದ ಕಾಫಿಯನ್ನು ಕುಡಿಯದೆ ತಿರುಗಿಸುತ್ತ ನಿಂತಳು.

"ಅಮ್ಮ ನಿನ್ನ ಪಾಲಿಗೆ ಬಂದಿದ್ದಾಳೆ ಇವತ್ತು," ಎಂದಳು.

ಕೊರಲಿಯ ತಾಯಿ ಔನೆಯನ್ನು ಆಸ್ಪತ್ರೆಯಿಂದ ಇಲ್ಲಿಗೆ ತಂದಿದ್ದು ಆ ವಾರವೇ. ಹೊಟ್ಟೆಯಲ್ಲಿ ಗಡ್ಡೆ. ಕತ್ತರಿಸಿ ಪ್ರಯೋಜನವಿಲ್ಲವೆಂದು ಹೊಲಿದು ಕಳಿಸಿದ್ದರು.

"ಅವಳಿಗೂ ನಿಮಿಷ ಹಾಕಿದ್ದಾರಾ?"

"ಹಾಕದೆ ಬಿಡ್ತಾರಾ? ಮೇಲಿನ ದರ್ಜೆ."

"ತೆಗೆದುಬಿಡು ಕೊರಲಿ. ನೀನೇ ತಾನೆ ಮೇಲ್ವಿಚಾರಕಿ."

"ತೆಗೆದೆ ಅನ್ಕೊ. ಹತ್ತು ನಿಮಿಷಕ್ಕೆ ಮಿಲ್ವಾಕಿಯಿಂದ ಫೋನ್ ಬರುತ್ತೆ. ನಿಮ್ಮಮ್ಮ ಆದ್ರೆ ಬೇರೆ ನಿಯಮಾನಾ ಅಂತ ಕೇಳ್ತಾನೆ, ಆ ಹಾಲುಗಲ್ಲದ ಬಡ್ಡಿಮಗ. ಏನಂತ ಹೇಳ್ಲಿ? ಹೌದಪ್ಪ, ಬೇರೆಯವರ ಅಮ್ಮಂದಿರನ್ನ ಎಬ್ಬಿಸ್ತೀವಿ, ನಮ್ಮಮ್ಮನ್ನ ಬಿಟ್ಬಿಡಿ ಅಂತಾನಾ?" ಕೊರಲಿ ಕಾಫಿಯನ್ನು ತೊಟ್ಟಿಗೆ ಸುರಿದಳು. "ನೋಡು, ಏನೂ ಮಾಡ್ಬೇಡ. ಹೋಗಿ ಕೂತ್ಕೊ. ಹವಾಮಾನದ ಬಗ್ಗೆ ಮಾತಾಡು. ನಿಮಿಷ ಬರ್ಕೊ. ಅಷ್ಟೆ."

ಇಪ್ಪತ್ತು ವರ್ಷಗಳಲ್ಲಿ ಕೊರಲಿ ಅವಳ ಹತ್ತಿರ ಏನನ್ನಾದರೂ ಬೇಡಿದ್ದು ಇದೇ ಮೊದಲಿರಬೇಕು. ಮಾರ್ಲಿಸ್‌ಗೆ ತನ್ನ ಮುಖದ ಮೇಲೆ ಯಾವ ಭಾವ ಇದೆಯೋ ತಿಳಿಯದೆ ಗಾಬರಿಯಾಗಿ, "ಡಾರಿಲ್‌ಗೆ ಕೊಡಬಹುದಿತ್ತಲ್ಲ," ಎಂದುಬಿಟ್ಟಳು. ಎಂದ ಮೇಲೆ ಅದೆಷ್ಟು ಕೆಟ್ಟದಾಗಿ ಕೇಳಿಸಿತು ಎಂದು ಹೊಳೆಯಿತು.

ಕೊರಲಿ ಅವಳನ್ನೇ ಒಂದು ಗಳಿಗೆ ನೋಡಿದಳು. "ಡಾರಿಲ್ ಇಸ್ಪೀಟಲ್ಲಿ ಕಳ್ಳಾಟ ಆಡ್ತಾನೆ. ಅಮ್ಮ ಸಹಿಸಲ್ಲ," ಎಂದು ಹೊರಟುಹೋದಳು.

ಔನೆಯ ಮನೆಯಲ್ಲಿ ಮಾರ್ಲಿಸ್ ಉಂಡ ಊಟಗಳಿಗೆ ಲೆಕ್ಕವಿರಲಿಲ್ಲ. ಬಂದರಿನ ಕ್ಯಾಂಟೀನಿನಲ್ಲಿ ಅದಿರು ಹಡಗಿನವರಿಗೆ ಬೇಯಿಸಿ ಹಾಕಿ ಗಟ್ಟಿಯಾದ ಕೈ ಅವಳದು. ಕ್ರಿಸ್‌ಮಸ್ಸಿಗೆ ಏಲಕ್ಕಿ ಹಾಕಿ ಜಡೆಯಂತೆ ಹೆಣೆದ ಬ್ರೆಡ್ಡು ಮಾಡಿ, ಒಂದು ತುಂಡು ತಿಂದು ಸಾಕೆಂದವರನ್ನು "ಹಾಗಾದ್ರೆ ಯಾಕೆ ಬಂದೆ?" ಎಂದು ಗದರುತ್ತಿದ್ದಳು. ಅವಳ ಹಿತ್ತಿಲಿನ ಸೌನಾ ಎಂಬ ಹಬೆಮನೆಯ ಬಿಸಿಯಲ್ಲಿ ಮೂವರೂ ಹೆಂಗಸರು ಮೈಮೇಲೆ ಏನೂ ಇಲ್ಲದೆ ಹಲಗೆಯ ಮೇಲೆ ಕೂತು, ಮಾತಿಲ್ಲದೆ ಬೆವರುತ್ತಿದ್ದ ಸಂಜೆಗಳಿದ್ದವು. ಆ ಸಂಜೆಗಳಲ್ಲಿ ಬಚ್ಚಿಡಲು ಯಾರ ಹತ್ತಿರವೂ ಏನೂ ಇರಲಿಲ್ಲವೆಂದು ಈಗ ಅನ್ನಿಸುತ್ತದೆ. ಕಳೆದ ಎರಡು ಚಳಿಗಾಲ ಏನೋ ನೆಪ ಹೇಳಿ ಮಾರ್ಲಿಸ್ ಅಲ್ಲಿಗೆ ಹೋಗಿರಲಿಲ್ಲ. ದಾವೆಯಲ್ಲಿ ಕೊರಲಿಯ ಹೆಸರಿತ್ತು. ಒಂದು ಕಡೆಯಲ್ಲ, ಪುಟಪುಟಕ್ಕೂ. "ಮೇಲ್ವಿಚಾರಕಿ ಕೊರಲಿ ನಿಯೆಮಿ ಆದೇಶಿಸಿದರು." "ಮೇಲ್ವಿಚಾರಕಿ ಕೊರಲಿ ನಿಯೆಮಿಗೆ ತಿಳಿದಿತ್ತು." ಆ ವಾಕ್ಯಗಳನ್ನು ಬರೆದವನು ರೆನ್‌ಕ್ವಿಸ್ಟ್. ಆದರೆ ಹೇಳಿದವಳು ಅವಳು. ಅದಿಲ್ಲದಿದ್ದರೆ ದಾವೆ ನಿಲ್ಲುವುದಿಲ್ಲ, ಯಾರು ಯಾವಾಗ ಏನು ಮಾಡಿದರೆಂದು ಹೇಳದೆ ಮೋಸದ ದಾವೆಯನ್ನು ನ್ಯಾಯಾಲಯ ಓದುವುದೂ ಇಲ್ಲ ಎಂದಿದ್ದ ಅವನು.

ಮಾರ್ಲಿಸ್ ಮೊದಲು ವಕೀಲನ ಹತ್ತಿರ ಹೋದದ್ದು ಸುಂಡ್ವಾಲ್‌ನ ಕಾರಣಕ್ಕೆ. ಹಡಗುಕಟ್ಟೆಯಲ್ಲಿ ದುಡಿದು ಬಂದ ದೈತ್ಯದೇಹದ ಮುದುಕ, ಕೊನೆಗೆ ಮೂಳೆ ಚರ್ಮವಷ್ಟೇ ಉಳಿದಿತ್ತು. ಉಸಿರು ಗೊರಗೊರ ಎನ್ನುತ್ತಿದ್ದ ಒಂದು ದಿನ ಅವನನ್ನು ಮಲಗಿರಲು ಬಿಟ್ಟು ಮಾರ್ಲಿಸ್ ಹೊರಬರುತ್ತಿದ್ದಾಗ ಬಾಗಿಲಲ್ಲಿ ಕೊರಲಿ ನಿಂತಿದ್ದಳು. ಮುಖ ನೋಡದೆ, "ಅವನ ನಿಮಿಷ ಬಾಕಿ ಇದೆ," ಎಂದಳು. ಅವಳಿಗೆ ಅಂದು ಬೆಳಿಗ್ಗೆ ಮಿಲ್ವಾಕಿಯಿಂದ ಏನು ಬೈಗುಳ ಬಿದ್ದಿತ್ತೋ. ಮಾರ್ಲಿಸ್ ಹಿಂತಿರುಗಿ ಹೋಗಿ ಮುದುಕನನ್ನು ಎಬ್ಬಿಸಿದಳು. ಅವನು ಅವಳ ಭುಜದ ಮೇಲೆ ಗದ್ದವಿಟ್ಟು, ಎರಡೂ ಕೈ ಜೋಲಿಬಿಟ್ಟು, ನಾಚಿಕೆಯವರ ಮೊದಲ ನೃತ್ಯದಂತೆ ಅವಳಿಗೆ ಒರಗಿಕೊಂಡು ನಿಂತ. ಅವಳ ಕಿವಿಯಲ್ಲಿ, "ನಾನೇನ್ ತಪ್ಪು ಮಾಡ್ದೆ ತಾಯಿ?" ಎಂದ. ಅಂದು ಮಧ್ಯಾಹ್ನ ಸತ್ತ. ಇದನ್ನೆಲ್ಲ ಹೇಳಿ ಮುಗಿಸಿದಾಗ ರೆನ್‌ಕ್ವಿಸ್ಟ್, "ದಾವೆಯಲ್ಲಿ ಇದನ್ನ ಸೇರಿಸೋಣ. ಆದರೆ ಒಂದು ಮಾತು ಈಗಲೇ ತಿಳಿದಿರಲಿ, ಆ ಮನುಷ್ಯನ ನೋವು ಈ ಕಾನೂನಿಗೆ ಕಾಣೋದಿಲ್ಲ. ಇಲ್ಲಿ ಗಾಯ ಆಗಿರೋದು ಸರ್ಕಾರಕ್ಕೆ. ನಾವು ಕೇಳ್ತಿರೋದು ಆ ಗಾಯಕ್ಕೆ ಪರಿಹಾರ," ಎಂದಿದ್ದ. ಆಮೇಲೆ ಬಂದ ಕಾಗದದಲ್ಲಿ ಸುಂಡ್ವಾಲ್‌ನ ಪ್ಯಾರಾ ಇತ್ತು. ಮೇಲ್ವಿಚಾರಕಿ ಕೊರಲಿ ನಿಯೆಮಿಯ ಆದೇಶದ ಮೇರೆಗೆ ಚಿಕಿತ್ಸಕಿಯೊಬ್ಬಳು ಮರಣಾಸನ್ನ ರೋಗಿಯನ್ನು ನಿಲ್ಲಿಸಿದಳು ಎಂದಿತ್ತು. ಚಿಕಿತ್ಸಕಿಯೊಬ್ಬಳು. ಮಾರ್ಲಿಸ್ ಆ ಪದವನ್ನು ಓದಿದಳು, ಅದರ ಮೇಲೆ ಬೆರಳಿಟ್ಟುಕೊಂಡು ಕೂತಳು, ಸಹಿ ಮಾಡಿದಳು.

ಮಧ್ಯಾಹ್ನ ಊಟದ ಕೋಣೆಯಲ್ಲಿ ಡಾರಿಲ್ ತನ್ನ ಹೆಂಡತಿ ಆಲೂಗಡ್ಡೆ ಹಾಕಿ ಓವನ್ನಿನಲ್ಲಿ ಬೇಯಿಸಿದ ಹಾಟ್‌ಡಿಶ್ಶನ್ನು ಎಲ್ಲರಿಗೂ ಬಡಿಸುತ್ತಿದ್ದ. "ಮಾರ್ಲಿಸ್, ಬಾ ಬಾ. ಯಾರನ್ನ ಮ್ಯಾರಥಾನ್ ಓಡಿಸಿ ಬಂದೆ?" ಎಂದ. ನಗು ಬಂತು ಎಲ್ಲರಿಗೂ. "ನಿನ್ನ ಕಂಡ್ರೆ ಟೋರ್ವಿಕ್ ಅಜ್ಜಿ ಉಸಿರು ಹಿಡ್ಕೋತಾಳೆ ಕಣೆ, ಗೊತ್ತಾ? ನಾಳೆ ನಿಜವಾಗ್ಲೂ ಸತ್ರೂ ನಿನಗೆ ಗೊತ್ತಾಗಲ್ಲ." ಅವಳೂ ನಕ್ಕಳು. ನಗುವಿನ ನಡುವೆ, ಇವನ ಹೆಸರೂ ದಾವೆಯಲ್ಲಿದೆ, ಇವನ ಲೈಸೆನ್ಸೂ ಹೋಗಬಹುದು ಎಂದು ನೆನಪಾಗಿ ಚಮಚ ಕೆಳಗಿಟ್ಟಳು. ಇವನ ಮೂರು ಮಕ್ಕಳ ಹೆಸರುಗಳೂ ಅವಳಿಗೆ ಬರುತ್ತಿದ್ದವು. ದ್ವೇಷಿಸಲು ಸಾಧ್ಯವಾಗಿದ್ದರೆ ಎಷ್ಟು ಸುಖವಿತ್ತು. ಆದರೆ ನೀನು ಸಾಯುವಾಗ ಪಕ್ಕದಲ್ಲಿ ಯಾರಿರಬೇಕು, ನಿಜ ಬರೆಯುವ ನಿನ್ನಂಥವಳೋ ಸುಳ್ಳು ಬರೆಯುವ ಡಾರಿಲ್ಲೋ ಎಂದು ಯಾರಾದರೂ ಕೇಳಿದರೆ ಅವಳು ಡಾರಿಲ್‌ನನ್ನೇ ಕರೆಯುತ್ತಿದ್ದಳು.

ಜೇಬಿನಲ್ಲಿ ಫೋನು ನಡುಗಿತು. ರೆನ್‌ಕ್ವಿಸ್ಟ್. ಅವಳು ಕೋಟು ಹಾಕಿಕೊಂಡು ಹೊರಗೆ ತನ್ನ ಕಾರಿನೊಳಗೆ ಹೋಗಿ ಕೂತಳು. ಗಾಜಿನ ಮೇಲೆ ಹಿಮ ಕಟ್ಟಿ ಒಳಗೆಲ್ಲ ಹಾಲಿನಂಥ ಬೆಳಕಿತ್ತು.

"ಸರ್ಕಾರ ಸೇರ್ತಾ ಇಲ್ಲ ಮಾರ್ಲಿಸ್," ಎಂದ ಅವನು, ಪೀಠಿಕೆಯಿಲ್ಲದೆ.

"ಅಂದ್ರೆ, ಸುಳ್ಳು ಅಂತಾನಾ?"

"ಸುಳ್ಳು ಅಂತಲ್ಲ. ನಿಜ ಅಂತಾನೂ ಅಲ್ಲ. ಸೇರಲ್ಲ ಅಂತ ಒಂದು ಸಾಲು. ಕಾರಣ ಹೇಳಬೇಕು ಅಂತ ಅವರಿಗೇನೂ ಇಲ್ಲ. ಅವರ ಹತ್ರ ಜನ ಇಲ್ಲ, ಇಂಥವು ನೂರಾರು ಬಿದ್ದಿವೆ."

"ಎರಡು ಚಳಿಗಾಲ," ಎಂದಳು ಅವಳು. 

"ಗೊತ್ತು. ಈಗ ಎರಡು ದಾರಿ ಇದೆ. ನೀವು ಒಬ್ಬರೇ ಮುಂದುವರಿಸಬಹುದು, ಸರ್ಕಾರದ ಹೆಸರಲ್ಲೇ. ಕಾನೂನು ಬಿಡುತ್ತೆ. ಇಲ್ಲ, ಕೈಬಿಡಬಹುದು."

"ಸರ್ಕಾರಕ್ಕೇ ಬೇಡವಾದ ಸರ್ಕಾರದ ಗಾಯಕ್ಕೆ ನಾನೊಬ್ಬಳು ಮುಲಾಮು ಹಚ್ಚಬೇಕು."

ಅವನು ಸಣ್ಣಗೆ ನಕ್ಕ. ದಣಿದವರ ನಗು. "ಹಾಗೇ ಅಂದ್ಕೊಳಿ. ಯೋಚನೆ ಮಾಡಿ ಹೇಳಿ. ಆದ್ರೆ ಒಂದು, ನ್ಯಾಯಾಧೀಶರು ಸಹಿ ಹಾಕಿದ ತಕ್ಷಣ ಲಕೋಟೆ ತೆರೆಯುತ್ತೆ. ನೀವು ಕೈಬಿಟ್ಟರೂ ತೆರೆಯುತ್ತೆ. ನಿಮ್ಮ ಹೆಸರು ಎಲ್ಲರೂ ಓದ್ತಾರೆ. ಅಲ್ಲೀತನಕ ಮಾತ್ರ ಯಾರ ಹತ್ರವೂ ತುಟಿ ಬಿಚ್ಚಬೇಡಿ. ಈಗ ಬಾಯಿಬಿಟ್ಟರೆ ಅದನ್ನೇ ಹಿಡ್ಕೊಂಡು ಇಡೀ ದಾವೇನ ವಜಾ ಮಾಡಿಸ್ತಾರೆ."

ಇವತ್ತು ನನ್ನ ಪಾಲಿಗೆ ಒಬ್ಬಳು ಬಂದಿದ್ದಾಳೆ, ಅವಳ ಕೈಯಡಿಗೆ ತಿಂದಿದ್ದೇನೆ, ಏನು ಮಾಡಲಿ ಎಂದು ಕೇಳಬೇಕೆನಿಸಿತು. ಆದರೆ ಅವನ ಉತ್ತರ ಅವಳಿಗೆ ಗೊತ್ತಿತ್ತು. ಫೋನಿಟ್ಟು, ಹಾಲುಬೆಳಕಿನಲ್ಲಿ ಸ್ವಲ್ಪ ಹೊತ್ತು ಕೂತಳು. ದುಃಖವಾಗಬೇಕಿತ್ತು, ಆಗಲಿಲ್ಲ. ಒಳಗೆ ಏನೋ ಒಂದು ಸುಮ್ಮನೆ ಕುಸಿದು ಕೂತಿತು, ಹೊರೆ ಇಳಿಸಿದ ಕತ್ತೆ ಹೊರೆಯ ಪಕ್ಕದಲ್ಲೇ ಕೂತ ಹಾಗೆ. ಇಷ್ಟು ದಿನ ಅವಳು ಎಬ್ಬಿಸಿದವರ ಮುಖಗಳು ಒಂದೊಂದಾಗಿ ಬರತೊಡಗಿದವು. ಅವರನ್ನೆಲ್ಲ ನಿಲ್ಲಿಸುವಾಗ ಮನಸ್ಸಿನ ಒಂದು ಮೂಲೆಯಲ್ಲಿ, ಯಾರೋ ನೋಡುತ್ತಿದ್ದಾರೆ, ವಾಷಿಂಗ್ಟನ್ನಿನ ಯಾವುದೋ ಮೇಜಿನ ಮೇಲೆ ಒಬ್ಬರು ಇದನ್ನು ಓದಿ ತಲೆಯೆತ್ತುತ್ತಾರೆ ಎಂಬ ನಂಬಿಕೆ ಇತ್ತೇನೋ. ಅವರು ಓದಿದ್ದರು. ತಲೆಯೆತ್ತಿ ಮತ್ತೊಂದು ಕಟ್ಟು ತೆಗೆದುಕೊಂಡಿದ್ದರು.

ಔನೆಯ ಕೋಣೆ ಸಾಲಿನ ಕೊನೆಯಲ್ಲಿತ್ತು. ಮಾರ್ಲಿಸ್ ಒಳಗೆ ಹೋದಾಗ ಮುದುಕಿ ಕಣ್ಣು ತೆರೆದುಕೊಂಡೇ ಇದ್ದಳು, ಚಾವಣಿಯನ್ನು ಪರೀಕ್ಷಿಸುವವಳಂತೆ. ದೇಹ ಹೊದಿಕೆಯಡಿಯಲ್ಲಿ ಇದೆಯೋ ಇಲ್ಲವೋ ಎಂಬಷ್ಟಾಗಿತ್ತು, ಮೂಗು ಮಾತ್ರ ಹಿಂದಿನ ಹಾಗೇ ಚೂಪಾಗಿತ್ತು.

"ಎರಡು ವರ್ಷ ಆಯ್ತು ನೀನು ಬಂದು," ಎಂದಳು ಔನೆ.

"ಕೆಲಸ ಜಾಸ್ತಿ ಆಗಿತ್ತು."

"ಎಲ್ರೂ ಹಾಗೇ ಹೇಳ್ತಾರೆ. ಕೂತ್ಕೊ. ಬೂಟು ಒರೆಸಿದ್ಯಾ?"

ಮಾರ್ಲಿಸ್ ಕೂತಳು. ಮಡಿಲಲ್ಲಿ ಯಂತ್ರ ಬೆಳಗಿಕೊಂಡೇ ಇತ್ತು, ಔನೆಯ ಹೆಸರಿನ ಮುಂದೆ ಖಾಲಿ ಚೌಕ. ಹವಾಮಾನದ ಬಗ್ಗೆ ಮಾತಾಡೆಂದು ಕೊರಲಿ ಹೇಳಿದ್ದಳು. ಹಿಮ ಬೀಳ್ತಿದೆ ಎಂದು ಮಾರ್ಲಿಸ್ ಹೇಳಿದಳು. "ಮಾರ್ಚಿನಲ್ಲಿ ಬೀಳದೆ ಇನ್ಯಾವಾಗ ಬೀಳುತ್ತೆ?" ಎಂದು ಔನೆ ಕಣ್ಣು ಮುಚ್ಚಿದಳು. ಇದು ನಟನೆಯ ನಿದ್ದೆಯಲ್ಲ. ಬಾಯಿ ಸ್ವಲ್ಪ ತೆರೆದು, ಉಸಿರು ಒಂದು ಬಂದು ಇನ್ನೊಂದು ಬರಲೋ ಬೇಡವೋ ಎನ್ನುತ್ತಿತ್ತು. ಈಗ ಎರಡು ಕೈಗಳನ್ನು ಆ ಬೆನ್ನಿನ ಕೆಳಗೆ ತೂರಿಸಿ ಎತ್ತಿದರೆ ಬರೆಯುವುದು ನಿಜವಾಗುತ್ತದೆ. ಸುಮ್ಮನೆ ಕೂತು ಚೌಕ ತುಂಬಿದರೆ ಗೆಳೆತನವಾಗುತ್ತದೆ, ಸುಳ್ಳಾಗುತ್ತದೆ, ನಾಳೆ ಕಂಪನಿಯ ವಕೀಲ ಅದೊಂದನ್ನೇ ಎತ್ತಿ ತೋರಿಸಿ, ನೋಡಿ ಈಕೆಯ ಸತ್ಯ ಎನ್ನುತ್ತಾನೆ. ಇಷ್ಟು ವರ್ಷ ಈ ಎರಡರ ನಡುವೆಯೇ ಅವಳು ಓಡಾಡಿದ್ದಳು. ಮೂರನೆಯದು ಇಲ್ಲವೆಂದು ಯಾರೂ ಹೇಳಿರಲಿಲ್ಲ. ಇದೆ, ಆದರೆ ಅದಕ್ಕೆ ಕೆಲಸ ಹೋಗುತ್ತದೆ ಎಂದಷ್ಟೇ ಹೇಳಿದ್ದರು. ಕೆಲಸ ಇನ್ನು ಹೇಗೂ ಹೋಗುವುದೇ. ಅವಳು ಚೌಕದಲ್ಲಿ ಸೊನ್ನೆ ಒತ್ತಿದಳು. ಕಾರಣ ಕೇಳಿತು ಯಂತ್ರ. "ಸಾಯುತ್ತಿದ್ದಾಳೆ. ಎಬ್ಬಿಸಲಿಲ್ಲ," ಎಂದು ಬರೆದು ಕಳಿಸಿದಳು. ಅಷ್ಟು ಸುಲಭ. ಸುಂಡ್ವಾಲ್‌ನ ದಿನವೂ ಇದು ಇಷ್ಟೇ ಸುಲಭವಿತ್ತು.

ಕೊರಲಿ ಬರಲು ಹೆಚ್ಚು ಹೊತ್ತಾಗಲಿಲ್ಲ. ಓಡಿಬಂದವಳ ಏದುಸಿರು. ಬಾಗಿಲು ಮುಂದಕ್ಕೆ ಮಾಡಿ ಪಿಸುಗುಟ್ಟಿದಳು. "ಸೊನ್ನೆ ಯಾಕೆ ಹಾಕಿದೆ? ಕೆಂಪು ದೀಪ ಹತ್ತಿದೆ ಅಲ್ಲಿ. ನಾನೇನ್ ಕೇಳಿದ್ದೆ ನಿನ್ನ?"

"ಎಬ್ಬಿಸಲಿಲ್ಲ. ಅದಕ್ಕೆ ಸೊನ್ನೆ."

"ಎಬ್ಬಿಸಬೇಡ ಅಂತ ನಾನೇ ಹೇಳಿದ್ದು. ಬರಿ ಅಂತಾನೂ ಹೇಳಿದ್ದೆ."

"ನನ್ನ ಕೈಲಿ ಬರೆಯೋಕಾಗಲ್ಲ ಕೊರಲಿ. ಯಾಕೆ ಅಂದ್ರೆ—" ತುಟಿ ಬಿಚ್ಚಬೇಡಿ ಎಂದವನ ದನಿ ಇನ್ನೂ ಕಿವಿಯಲ್ಲಿತ್ತು. ಅವಳು ಅದನ್ನು ಕೇಳಿಸಿಕೊಳ್ಳುತ್ತಲೇ ಹೇಳಿದಳು. "ಕಂಪನಿ ಮೇಲೆ ಒಂದು ದಾವೆ ಇದೆ. ಸರ್ಕಾರದ ಹೆಸರಲ್ಲಿ. ಹಾಕಿದವಳು ನಾನು."

ಕೊರಲಿ ತಾಯಿಯ ಹೊದಿಕೆಯ ಅಂಚನ್ನು ಎಳೆದು ಸರಿಮಾಡಿದಳು. ಸರಿಯಿದ್ದುದನ್ನೇ ಮತ್ತೆ ಸರಿಮಾಡಿದಳು.

"ಗೊತ್ತು," ಎಂದಳು.

"ಏನು?"

"ಶರತ್ಕಾಲದಲ್ಲಿ ಸರ್ಕಾರದ ಕಡೆಯವರು ಇಬ್ರು ಬಂದಿದ್ರು ನಮ್ಮನೆಗೆ. ಟೈ ಕಟ್ಕೊಂಡು. ಸುಂಡ್ವಾಲ್ ಬಗ್ಗೆ ಕೇಳಿದ್ರು. ಬಾಗಿಲಲ್ಲಿ ನಾನು ಏನಂದೆ ಅಂತ ಅಕ್ಷರಕ್ಕಕ್ಷರ ಗೊತ್ತಿತ್ತು ಅವ್ರಿಗೆ. ಆ ಕೋಣೇಲಿದ್ದಿದ್ದು ಮೂರೇ ಜನ ಕಣೆ. ಒಬ್ಬ ಸತ್ತ." ಅವಳು ಕುರ್ಚಿಗಾಗಿ ಅತ್ತಿತ್ತ ನೋಡಿ, ಸಿಗದೆ, ಮಂಚದ ತುದಿಗೆ ಒರಗಿದಳು. "ಆವತ್ತಿಂದ ದಿನಾ ನೋಡ್ತಿದ್ದೆ. ಹೇಳ್ತಾಳೆ, ಇವತ್ತು ಹೇಳ್ತಾಳೆ ಅಂತ. ನೀನು ಕಾಫಿಗೆ ಹಾಲು ಬೇಕಾ ಅಂತ ಕೇಳ್ತಿದ್ದೆ."

 ಆ ಎಲ್ಲ ಬೆಳಗಿನ ಕಾಫಿಗಳಲ್ಲಿ ಬಚ್ಚಿಟ್ಟುಕೊಂಡಿದ್ದವಳು ತಾನೊಬ್ಬಳೇ ಎಂದು ಮಾರ್ಲಿಸ್ ಅಂದುಕೊಂಡಿದ್ದಳು. "ಹಾಗಾದ್ರೆ ನಿಮ್ಮಮ್ಮನ್ನ ನನಗೆ ಯಾಕೆ ಕೊಟ್ಟೆ?"

"ಏನ್ ಮಾಡ್ತೀಯ ನೋಡೋಣ ಅಂತ," ಎಂದಳು ಕೊರಲಿ. "ಬರೆದಿದ್ರೆ, ಸರಿ, ಇವಳೂ ನಮ್ಮಂಥವಳೇ, ನಾಳೆ ಕೋರ್ಟಲ್ಲಿ ಹೇಳಬಹುದು ಅಂತ. ಎಬ್ಬಿಸಿದ್ರೆ..." ಅವಳ ದನಿ ಒಡೆಯಿತು. "ಎಬ್ಬಿಸಿದ್ರೆ ಕೊಂದುಬಿಡ್ತಿದ್ದೆ ನಿನ್ನ. ಆ ಬಾಗಿಲ ಹಿಂದೇನೇ ನಿಂತಿದ್ದೆ, ನೀನು ಯಂತ್ರ ತಗೊಂಡ ಮೇಲೇ ಏನು ಬರೀತೀಯ ನೋಡೋಕೆ ಆಫೀಸಿಗೆ ಹೋಗಿದ್ದು. ಸೊನ್ನೆ ಹಾಕ್ತೀಯ ಅಂತ ಹೊಳೀಲೇ ಇಲ್ಲ ನೋಡು, ಹಾಳಾದ್ದು."

ಹೊರಗೆ ಯಾರದೋ ಗಾಲಿಕುರ್ಚಿ ಕಿರುಗುಟ್ಟುತ್ತ ಹೋಯಿತು. ಇಬ್ಬರೂ ಅದು ದೂರವಾಗುವ ತನಕ ಕಾದರು.

"ನನ್ನ ಹೆಸರಿದೆಯಾ ಅದರಲ್ಲಿ?"

"ಇದೆ."

"ಸರಿಯಾಗಿ ಬರೆದಿದ್ದಾರಾ? ನಿಯೆಮಿನ ಎಲ್ರೂ ತಪ್ಪು ಬರೀತಾರೆ."

"ಸರಿಯಾಗಿದೆ."

"ಸುಂಡ್ವಾಲ್‌ನ ಎಬ್ಬಿಸಿದ್ದು ಯಾರು ಅಂತ ಇದೆ?"

ಮಾರ್ಲಿಸ್ ನೆಲವನ್ನು ನೋಡಿದಳು. "ಚಿಕಿತ್ಸಕಿಯೊಬ್ಬಳು ಅಂತ."

ಕೊರಲಿ ನಕ್ಕಳು. ಆ ದೊಡ್ಡ ನಗುವೇ, ಆದರೆ ಸದ್ದಿಲ್ಲದೆ, ಭುಜಗಳು ಮಾತ್ರ ಕುಲುಕುತ್ತ ಕಣ್ಣಲ್ಲಿ ನೀರು ಬರುವ ತನಕ. "ಚಿಕಿತ್ಸಕಿಯೊಬ್ಬಳು," ಎಂದಳು. "ಚೆನ್ನಾಗಿದೆ. ಬಹಳ ಚೆನ್ನಾಗಿದೆ."

"ಲಕೋಟೆ ತೆರೆದ ಮೇಲೆ ತಿದ್ದಿಸ್ತೀನಿ."

"ತಿದ್ದಿಸು, ಬಿಡು, ನನಗೇನು. ಮುಂದುವರಿಸ್ತೀಯಾ?"

"ಸರ್ಕಾರ ಬರಲ್ಲವಂತೆ. ಒಬ್ಬಳೇ." ಹೇಳುವ ತನಕ ತಾನು ನಿರ್ಧರಿಸಿದ್ದೇನೆಂದು ಅವಳಿಗೆ ಗೊತ್ತಿರಲಿಲ್ಲ. "ಹೂಂ. ಮುಂದುವರಿಸ್ತೀನಿ." ಅದರಲ್ಲಿ ಧೈರ್ಯವೇನೂ ಇದ್ದಂತೆ ಅವಳಿಗೇ ಕೇಳಿಸಲಿಲ್ಲ. ಈಗ ತಾನೇ ಹೇಳಿಬಿಟ್ಟ ಮಾತಿಗೇ ಇಡೀ ದಾವೆ ಬಿದ್ದುಹೋಗಬಹುದು. ಅದಕ್ಕೆ ಕೊರಲಿ ನಾಳೆ ಕಂಪನಿಯ ವಕೀಲರ ಮುಂದೆ ಬಾಯಿ ತೆರೆದರೆ ಸಾಕು. ತೆರೆಯಬೇಡ ಎಂದು ಕೇಳಲು ಮಾರ್ಲಿಸ್‌ಗೆ ಮುಖವಿರಲಿಲ್ಲ. ತೆರೆಯುವುದಿಲ್ಲ ಎಂದು ಕೊರಲಿಯೂ ಹೇಳಲಿಲ್ಲ.

"ನೀವಿಬ್ರೂ ಜಗಳ ಆಮೇಲೆ ಆಡ್ಕೊಳಿ," ಎಂದಿತು ಮಂಚದಿಂದ ಒಂದು ದನಿ. ಔನೆ ಕಣ್ಣು ತೆರೆದಿದ್ದಳು. "ನನ್ನನ್ನ ಎಬ್ಬಿಸಿ."

"ಬೇಡಮ್ಮ, ಯಾರೂ ಎಬ್ಬಿಸಲ್ಲ ನಿನ್ನ, ಮಲಕ್ಕೊ," ಎಂದಳು ಕೊರಲಿ.

"ಎಬ್ಬಿಸು ಅಂದೆ. ಬಚ್ಚಲಿಗೆ ಹೋಗಬೇಕು."

"ಪಾತ್ರೆ ಇಡ್ತೀನಿ ಇಲ್ಲೇ—"

"ಪಾತ್ರೆ ನಿಮ್ಮಪ್ಪನಿಗಿಡು. ಮಲಗಿದಲ್ಲೇ ಹೋಗೋಕೆ ನಾನೇನು ಹಸುಗೂಸಾ? ಇಬ್ಬಿಬ್ರು ಗಟ್ಟಿಗಿತ್ತೀರು ನಿಂತಿದ್ದೀರಿ, ನನ್ನೊಬ್ಬಳನ್ನ ಎತ್ತೋಕೆ ಆಗಲ್ವಾ?"

ಇಬ್ಬರೂ ಒಬ್ಬರನ್ನೊಬ್ಬರು ನೋಡಿಕೊಂಡರು. ಆಮೇಲೆ ಮಾರ್ಲಿಸ್ ಕೋಟು ತೆಗೆದು ಮಂಚದ ಈಚೆಗೆ ಬಂದಳು, ಕೊರಲಿ ಆಚೆಗೆ ಹೋದಳು. ಎಷ್ಟೋ ವರ್ಷ ಜೊತೆಯಲ್ಲಿ ಮಾಡಿದ ಕೆಲಸ, ಕೈಗಳಿಗೆ ಯಾರೂ ಏನೂ ಹೇಳಬೇಕಾಗಲಿಲ್ಲ. ಕಾಲುಗಳನ್ನು ಮೊದಲು ಇಳಿಸಿದರು, ಬೆನ್ನಿನ ಹಿಂದೆ ಒಬ್ಬರ ಕೈ ಇನ್ನೊಬ್ಬರ ಕೈಯನ್ನು ಹುಡುಕಿ ಮಣಿಕಟ್ಟು ಹಿಡಿಯಿತು, ಔನೆ ಹಲ್ಲುಕಚ್ಚಿ ಏನೋ ತನ್ನ ಫಿನ್ನಿಶ್ ಭಾಷೆಯಲ್ಲಿ ಬೈದುಕೊಂಡು ಎದ್ದು ನಿಂತಳು. ನಿಂತವಳು ಒಂದು ಗಳಿಗೆ ಹಾಗೇ ನಿಂತು, ಕೋಣೆಯನ್ನು ಎತ್ತರದಿಂದ ನೋಡಿದಳು. ಆಮೇಲೆ ಹೆಜ್ಜೆ ಕಿತ್ತಿಟ್ಟಳು. ಮಂಚದಿಂದ ಬಚ್ಚಲಿಗೆ ಇದ್ದ ಅಷ್ಟು ದೂರವನ್ನು ಮೂವರೂ ಒಂದೇ ದೇಹದಂತೆ, ದಾರಿಯಲ್ಲಿ ನಿಂತು ನಿಂತು, ದಾಟಿದರು.

ಕಮೋಡಿನ ಮೇಲೆ ಕೂರಿಸಿ ಬಿಟ್ಟು ಹೊರಬರುವಂತಿರಲಿಲ್ಲ. ಬಿಟ್ಟರೆ ಒರಗಿಬಿಡುತ್ತಾಳೆ. ಎರಡೂ ಭುಜಗಳನ್ನು ಇಬ್ಬರೂ ಹಿಡಿದು ನಿಂತರು.

"ನೋಡ್ಬೇಡಿ," ಎಂದಳು ಔನೆ.

ಮಾರ್ಲಿಸ್ ಒಂದು ಗೋಡೆಗೆ ಮುಖ ತಿರುಗಿಸಿದಳು, ಕೊರಲಿ ಇನ್ನೊಂದು ಗೋಡೆಗೆ. ನಡುವೆ ಮುದುಕಿಯ ಭುಜದ ಸಣ್ಣ ಮೂಳೆ ಅಂಗೈಗೆ ಬೆಚ್ಚಗೆ ತಾಕುತ್ತಿತ್ತು. ಹೊರಗೆ ಕುರ್ಚಿಯ ಮೇಲೆ ಬಿಟ್ಟಿದ್ದ ಯಂತ್ರ ಯಾರನ್ನೋ ಕರೆಯುತ್ತ ಒಂದೇ ಸಮನೆ ಕೂಗಿಕೊಳ್ಳತೊಡಗಿತು. ಇಬ್ಬರೂ ಕದಲಲಿಲ್ಲ. ಬಹಳ ಹೊತ್ತು ಏನೂ ಆಗಲಿಲ್ಲ. ಆಮೇಲೆ ನೀರು ಬೀಳುವ ಸದ್ದು ಸಣ್ಣಗೆ ಕೇಳಿಸಿತು.